ಊರಲ್ಲೇ ಉಳಿದೋರ ದುಡಿಮೆನೂ ಲೆಕ್ಕಕ್ಕೆ ಬರ್ಲಿ

ಸಿಟಿ ಲೈಫು, ಹಳ್ಳಿ ಸಂಸಾರ ಅಂತ ಮಾತು ಶುರುವಾದ್ರೆ ಸಾಕು, ಬಟ್ಟೆ, ಮೊಬೈಲು, ಲವ್ ಮ್ಯಾರೇಜು ಅಂತಾನೇ ಎಲ್ರೂ ಜಗಳಕ್ಕಿಳೀತಾರೆ. ನನಗನ್ಸೋ ಪ್ರಕಾರ ನಿಜವಾದ ಜಗಳ ಇರೋದು ದುಡಿಮೆ ಲೆಕ್ಕದಲ್ಲಿ.

ಹಳ್ಳಿ ಕೂಡುಕುಟುಂಬದಲ್ಲಿ ಹೊಲ ಎಲ್ಲರದ್ದು, ಬೆಳೆ ಎಲ್ಲರದ್ದು, ಸಾಲಾನೂ ಎಲ್ಲರದ್ದು, ಅದಕ್ಕೇ ಯಾರು ಏನು ಓದ್ಬೇಕು ಯಾರನ್ನ ಮದ್ವೆ ಆಗ್ಬೇಕು ಅನ್ನೋದಕ್ಕೂ ಎಲ್ರೂ ಬಾಯಿ ಹಾಕ್ತಾರೆ. ಸಿಟಿಲಿ ಹಾಗಲ್ಲ, ಸಂಬಳ ಒಬ್ಬರ ಅಕೌಂಟಿಗೆ ಬೀಳುತ್ತೆ, ಜೊತೆಗೆ ತೀರ್ಮಾನಾನೂ ಒಬ್ಬರದ್ದೇ ಆಗುತ್ತೆ. ಇದು ತಪ್ಪು ಅಂತ ನಾನಂತೂ ಹೇಳಲ್ಲ. ಅದರಲ್ಲೂ ಹೆಣ್ಮಕ್ಕಳಿಗೆ ಆ ಸಂಬಳದಿಂದ ಸಿಕ್ಕ ಧೈರ್ಯ ಸಣ್ಣದಲ್ಲ.

ವಿಶ್ವಸಂಸ್ಥೆ ಅಂಕಿ ಪ್ರಕಾರ 1950ರಲ್ಲಿ ಪ್ರಪಂಚದ ನೂರಕ್ಕೆ ಸುಮಾರು 30 ಜನ ನಗರದಲ್ಲಿದ್ರು, 2007ರ ಹೊತ್ತಿಗೆ ಅದು ಅರ್ಧ ದಾಟ್ತು. ಹಳ್ಳಿ ಬಿಟ್ಟು ಹೋಗೋರಲ್ಲಿ ಹೆಚ್ಚಿನೋರು ಪ್ರಾಯದವರೇ. ಹಾಗಾದ್ರೆ ಮನೇಲಿ ಉಳಿಯೋದು ಯಾರು? ವಯಸ್ಸಾದ ಅಪ್ಪ ಅಮ್ಮ, ಅವರನ್ನ ನೋಡ್ಕೊಳ್ಳೋಕೆ ಒಬ್ಬ ಮಗ, ಒಬ್ಬಳು ಸೊಸೆ.

ನನಗೆ ಸಿಟ್ಟು ಬರೋದು ಇಲ್ಲೇ. ಹೊರಗಿರೋ ಮಗ ತಿಂಗಳಿಗೊಂದ್ಸಲ ದುಡ್ಡು ಹಾಕ್ತಾನೆ, ಅದು ತಾರೀಕು ಸಮೇತ ಮೊಬೈಲಲ್ಲಿ ಇರುತ್ತೆ, ಬೇಕಾದಾಗ ತೆಗೆದು ತೋರಿಸ್ಬೋದು. ನಡುರಾತ್ರಿ ಎದ್ದು ಅತ್ತೇನ ಬಚ್ಚಲಿಗೆ ಕರ್ಕೊಂಡು ಹೋಗಿ ಬಂದು, ಬೆಳಗಾದ್ರೆ ಮತ್ತೆ ಕೊಟ್ಟಿಗೆ ಕೆಲಸಕ್ಕೆ ನಿಲ್ಲೋ ಸೊಸೆ ಏನು ತೋರಿಸ್ಬೇಕು? ರಜೆಗೆ ಬಂದ ಮಗ ನಾಲ್ಕು ದಿನ ಇದ್ದು ‘ಅಮ್ಮ ಯಾಕಿಷ್ಟು ಸೊರಗಿದಾಳೆ’ ಅಂತ ಅತ್ತಿಗೇನ ಕೇಳ್ತಾನಲ್ಲ, ಆ ಮಾತು ಎಷ್ಟು ಚುಚ್ಚುತ್ತೆ ಅಂತ ಗೊತ್ತಾ? ಅಮ್ಮನೂ ಪಾಪ, ದೂರ ಇರೋ ಮಗನ್ನೇ ಹೊಗಳ್ತಾಳೆ, ದಿನಾ ಕಣ್ಣೆದುರಿಗೆ ಇರೋರ ಮೇಲೆ ರೇಗ್ತಾಳೆ.

ಊರಲ್ಲೇ ಇದ್ದೋನಿಗೂ ಹೋಗೋ ಆಸೆ ಇರ್ಲಿಲ್ವಾ? ಎಷ್ಟೋ ಮನೇಲಿ ಇತ್ತು, ‘ಒಬ್ಬರಾದ್ರೂ ಇರ್ಬೇಕಲ್ಲಪ್ಪ’ ಅಂತ ಹಿರಿಯರು ತಡೆದಿರ್ತಾರೆ ಅಷ್ಟೆ.

ಪ್ರೈವೆಸಿ ಬೇಕು, ನನ್ನ ಬದುಕು ನನ್ನಿಷ್ಟ ಅನ್ನಿ, ಖಂಡಿತ ಅನ್ನಿ. ಅದೇ ಇಷ್ಟ ಆ ಅಣ್ಣ ಅತ್ತಿಗೆಗೂ ಇರುತ್ತೆ ತಾನೆ? ವರ್ಷಕ್ಕೆ ಕೆಲವು ವಾರ ರಜೆ ಹಾಕಿ ಊರಿಗೆ ಬಂದು ಅಪ್ಪ ಅಮ್ಮನ್ನ ನೀವು ನೋಡ್ಕೊಳ್ಳಿ, ಅವರಿಬ್ಬರೂ ಎಲ್ಲಾದ್ರೂ ಹೋಗಿ ಬರ್ಲಿ. ಜಮೀನು ಮಾರೋ ಮಾತು ಬಂದ್ರೆ, ಅದರಲ್ಲಿ ದಿನಾ ಗೇಯೋರನ್ನ ಮೊದಲು ಕೇಳಿ, ಅತ್ತಿಗೇನೂ ಕೂರಿಸ್ಕೊಂಡು ಕೇಳಿ, ರೇಟು ವಿಚಾರ್ಸೋದು ಆಮೇಲೆ ಇದ್ದೇ ಇದೆ.