ಎಡಿಸನ್ ಅಂದರೆ ಪಾಯಿಂಟು, ಬರ್ಲಿನರ್ ಅಂದರೆ ಸೊನ್ನೆ

ನಮ್ಮ ಬಡಾವಣೆಯ ರಾಜ್ಯೋತ್ಸವದ ಕ್ವಿಜ್. ಗ್ರಾಮಫೋನ್ ಕಂಡುಹಿಡಿದದ್ದು ಯಾರು ಅಂತ ಪ್ರಶ್ನೆ. ಹೈಸ್ಕೂಲು ಹುಡುಗಿಯೊಬ್ಬಳು "ಎಮಿಲ್ ಬರ್ಲಿನರ್" ಅಂದಳು. ಕ್ವಿಜ್ ನಡೆಸುತ್ತಿದ್ದ ಮಹಾಶಯರು ನಕ್ಕು, "ತಪ್ಪಮ್ಮಾ, ಎಡಿಸನ್" ಅಂತ ಪಾಯಿಂಟನ್ನು ಪಕ್ಕದ ತಂಡಕ್ಕೆ ಕೊಟ್ಟುಬಿಟ್ಟರು! ಹಳೆಯ ಗ್ರಾಮಫೋನ್ ಪ್ಲೇಟುಗಳೆಂದರೆ ನನಗೆ ಹುಚ್ಚು. ಎದ್ದು ಜಗಳಕ್ಕೆ ಹೊರಟವನನ್ನು ಹೆಂಡತಿ ಶರ್ಟು ಹಿಡಿದು ಕೂರಿಸಿದಳು. ಆ ಸಿಟ್ಟನ್ನೆಲ್ಲ ಇಲ್ಲಿ ಕಾರುತ್ತಿದ್ದೇನೆ, ಸಹಿಸಿಕೊಳ್ಳಿ.

ಬರ್ಲಿನರ್ ಜರ್ಮನಿಯ ಹ್ಯಾನೋವರಿನ ಯಹೂದಿ ಹುಡುಗ. ಹದಿನಾಲ್ಕಕ್ಕೇ ಶಾಲೆ ಮುಗಿಯಿತು. 1870ರಲ್ಲಿ ಅಮೆರಿಕಕ್ಕೆ ಬಂದು ವಾಷಿಂಗ್ಟನ್ನಿನ ಅಂಗಡಿಯೊಂದರಲ್ಲಿ ಗುಮಾಸ್ತನಾದ. ನ್ಯೂಯಾರ್ಕಿನ ಲ್ಯಾಬಿನಲ್ಲಿ ಬಾಟಲಿ ತೊಳೆದ, ರಾತ್ರಿ ಕೂತು ವಿಜ್ಞಾನ ಓದಿದ. 1887ರಲ್ಲಿ ಗ್ರಾಮಫೋನಿಗೆ ಪೇಟೆಂಟ್ ಪಡೆದ.

"1877ರಲ್ಲೇ ಎಡಿಸನ್ ದನಿ ಹಿಡಿದಿಟ್ಟಿದ್ದನಲ್ಲ ಸಾರ್" ಅಂತ ಕಾಮೆಂಟಿಗೆ ಬರುವವರಿಗೆ ಮೊದಲೇ ಹೇಳಿಬಿಡುತ್ತೇನೆ. ಹೌದು ಸ್ವಾಮಿ, ಹಿಡಿದಿಟ್ಟ. ಅದು ಫೋನೋಗ್ರಾಫು, ದನಿ ಕೂತದ್ದು ಕೊಳವೆಯ ಮೇಲೆ. ಅದಕ್ಕೆ ಅಚ್ಚು ಹಾಕುವ ಉಪಾಯ ಶುರುವಿನಲ್ಲಿ ಇರಲಿಲ್ಲ. ಗಾಯಕರು ನಾಲ್ಕಾರು ಯಂತ್ರಗಳ ಮುಂದೆ ನಿಂತು ಅದೇ ಹಾಡನ್ನು ಮತ್ತೆ ಮತ್ತೆ ಹಾಡಿ ಸಾಯಬೇಕಿತ್ತು. ಬರ್ಲಿನರ್ ಮಾಡಿದ್ದೇನು? ಚಪ್ಪಟೆ ಸತುವಿನ ತಟ್ಟೆಗೆ ಮೇಣ ಸವರಿದ. ದನಿಗೆ ತಕ್ಕಂತೆ ಅಕ್ಕಪಕ್ಕ ಅದುರುವ ಮುಳ್ಳಿನಿಂದ ಅದರ ಮೇಲೆ ಗೆರೆ ಕೊರೆದ. ಆಸಿಡ್ಡಿಗೆ ಇಳಿಸಿ ಗೆರೆಯನ್ನು ಲೋಹದೊಳಕ್ಕೆ ತಿನ್ನಿಸಿದ, ಅದರಿಂದ ಉಲ್ಟಾ ಅಚ್ಚು ತೆಗೆದ. ಆಮೇಲೆ ಒತ್ತಿದಷ್ಟೂ ಪ್ಲೇಟು. ಸಂಗೀತದ ವ್ಯಾಪಾರ ಕುದುರಿದ್ದೇ ಈ ಅಚ್ಚಿನಿಂದ. (ಎಡಿಸನ್ ಮೇಲೆ ನನಗೆ ಹೊಟ್ಟೆಕಿಚ್ಚಿಲ್ಲ. ಸರಿ, ಸ್ವಲ್ಪ ಇದೆ.)

ಎಚ್‌ಎಂವಿ ಪ್ಲೇಟುಗಳ ಮೇಲಿನ ನಾಯಿಯ ಕಥೆಯಂತೂ ಮಜಾ. ಫ್ರಾನ್ಸಿಸ್ ಬರೋ ಎಂಬ ಚಿತ್ರಕಾರ ಮೊದಲ ಸಲ ಬರೆದಾಗ ಆ ನಾಯಿ ಕಿವಿಗೊಟ್ಟಿದ್ದು ಕೊಳವೆಯ ಯಂತ್ರಕ್ಕೇ. 1899ರಲ್ಲಿ ಲಂಡನ್ನಿನ ಗ್ರಾಮಫೋನ್ ಕಂಪನಿ "ನಮ್ಮದನ್ನು ಬರೆದರೆ ಕೊಳ್ಳುತ್ತೇವೆ" ಅಂದಿತು. ಅವನು ಹಳೇ ಯಂತ್ರದ ಮೇಲೇ ಬಣ್ಣ ಬಳಿದು ಬರ್ಲಿನರನ ಯಂತ್ರ ಕೂರಿಸಿದ. ನಾಯಿಗೂ ಬುದ್ಧಿ ಬಂತು, ನಮ್ಮ ಕ್ವಿಜ್ ಮಾಸ್ತರರಿಗೆ ಬರಲಿಲ್ಲ.

ಇಷ್ಟಾಗಿಯೂ ಬಡಪಾಯಿ ಬರ್ಲಿನರನಿಗೆ ಸುಖವಿಲ್ಲ. ಮಾರಾಟದ ಗುತ್ತಿಗೆ ಹಿಡಿದಿದ್ದ ಫ್ರಾಂಕ್ ಸೀಮನ್ ಜೊತೆ ವ್ಯಾಜ್ಯವಾಗಿ, 1900ರಲ್ಲಿ ಕೋರ್ಟು ಅಮೆರಿಕದಲ್ಲಿ ಅವನ ಯಂತ್ರವನ್ನು ಅವನೇ ಮಾರದಂತೆ ತಡೆಯಿತು. ಗಂಟುಮೂಟೆ ಕಟ್ಟಿ ವ್ಯಾಪಾರವನ್ನು ಕೆನಡಾದ ಮಾಂಟ್ರಿಯಲ್‌ಗೆ ಸಾಗಿಸಿದ. ಮಧ್ಯೆ ಮಕ್ಕಳಿಗೆ ಹಾಲು ಕಾಯಿಸಿಯೇ ಕುಡಿಸಿ ಅಂತ ಅಮೆರಿಕದ ತಾಯಂದಿರಿಗೆ ಪ್ರಚಾರ ಬೇರೆ. ನಮ್ಮಜ್ಜಿಯನ್ನು ಕೇಳಿದ್ದರೆ ಪುಕ್ಕಟೆ ಹೇಳುತ್ತಿದ್ದಳು.

1902ರಲ್ಲಿ ಕಲ್ಕತ್ತೆಗೆ ಬಂದು ಗಾಯಕಿ ಗೌಹರ್ ಜಾನ್ ಹಾಡನ್ನು ಮುದ್ರಿಸಿಕೊಂಡ ಗ್ರಾಮಫೋನ್ ಕಂಪನಿಯ ಗೈಸ್‌ಬರ್ಗ್, ಬರ್ಲಿನರ್ ಕೈಕೆಳಗೆ ಪಳಗಿದವನು. ಆ ಪ್ಲೇಟುಗಳು ಅಚ್ಚಾದದ್ದು ಹ್ಯಾನೋವರಿನಲ್ಲಿ, ಬರ್ಲಿನರ್ ಹುಟ್ಟಿದೂರಿನಲ್ಲೇ. ಅದೇ ಗೌಹರ್ ಮುಂದೆ ಮೈಸೂರು ಅರಮನೆಯ ಆಶ್ರಯಕ್ಕೆ ಬಂದು, 1930ರಲ್ಲಿ ಮೈಸೂರಿನಲ್ಲೇ ತೀರಿಕೊಂಡಳು. ಬರ್ಲಿನರ್ ಸತ್ತು ಆಗಿನ್ನೂ ವರ್ಷ ತುಂಬಿರಲಿಲ್ಲ.

ಇನ್ನೊಂದು ಮಾತು. 1912ರಲ್ಲಿ ಸ್ವತಃ ಎಡಿಸನ್ನೇ ಕೊಳವೆಯ ಜೊತೆಗೆ ಚಪ್ಪಟೆ ಪ್ಲೇಟನ್ನೂ ಮಾರುಕಟ್ಟೆಗೆ ತಂದ. ಇದನ್ನು ಮುಂದಿನ ವರ್ಷದ ಕ್ವಿಜ್‌ಗೆ ಹಾಕಿಕೊಳ್ಳಿ, ಮಹಾಶಯರೇ.