ಕಿಟಕಿಯಾಚೆಯ ಹೊಂಗೆ

ಮೂರು ವರ್ಷಗಳ ಹಿಂದೆ ಅಮ್ಮನಿಗೆ ಸೊಂಟದ ಶಸ್ತ್ರಚಿಕಿತ್ಸೆಯಾದಾಗ, ಆಸ್ಪತ್ರೆಯಲ್ಲಿ ಮೊದಲು ಸಿಕ್ಕ ಕೋಣೆಯ ಕಿಟಕಿ ತೆರೆದರೆ ಪಕ್ಕದ ಕಟ್ಟಡದ ಗೋಡೆ ಮತ್ತು ಅದರ ಮೇಲೆ ಸಾಲಾಗಿ ಕೂಡಿಸಿದ ಎ.ಸಿ. ಪೆಟ್ಟಿಗೆಗಳು ಕಾಣುತ್ತಿದ್ದವು. ನಾಲ್ಕನೆಯ ದಿನ ಕೋಣೆ ಬದಲಾಯಿತು. ಅಲ್ಲಿ ಕಿಟಕಿಗೆ ತಾಗುವಂತೆ ಒಂದು ಹೊಂಗೆ ಮರವಿತ್ತು. "ಸ್ವಲ್ಪ ಆ ಕಡೆ ತಿರುಗ್ಸಪ್ಪ, ಎಲೆ ಅಲ್ಲಾಡೋದು ಕಾಣ್ಲಿ" ಎಂದರು ಅಮ್ಮ. ಮರ ನೋಡಿದ್ದರಿಂದಲೇ ನೋವು ಇಳಿಯಿತೆಂದು ನಾನು ಹೇಳಲಾರೆ, ನಾಲ್ಕನೆಯ ದಿನಕ್ಕೆ ಅದು ಹೇಗೂ ಇಳಿಯುತ್ತಿತ್ತು. ಆದರೆ ಆ ಮಾತನ್ನು ಬರೀ ಮುದುಕಿಯ ಆಸೆಯೆಂದು ತಳ್ಳಿಹಾಕುವಂತೆಯೂ ಇಲ್ಲ.

ರೋಜರ್ ಉಲ್ರಿಚ್ ಎಂಬ ಸಂಶೋಧಕರು ಅಮೆರಿಕದ ಪೆನ್ಸಿಲ್ವೇನಿಯಾದ ಆಸ್ಪತ್ರೆಯೊಂದರ 1972ರಿಂದ 1981ರವರೆಗಿನ ದಾಖಲೆಗಳನ್ನು ಪರಿಶೀಲಿಸಿ, 1984ರಲ್ಲಿ 'ಸೈನ್ಸ್' ಪತ್ರಿಕೆಯಲ್ಲಿ ಒಂದು ಲೇಖನ ಪ್ರಕಟಿಸಿದರು. ಪಿತ್ತಕೋಶ ತೆಗೆಸಿಕೊಂಡ 46 ರೋಗಿಗಳನ್ನು ವಯಸ್ಸು, ಲಿಂಗ ಮುಂತಾದವು ಹೊಂದುವಂತೆ 23 ಜೋಡಿಗಳಾಗಿ ಮಾಡಲಾಗಿತ್ತು; ಪ್ರತಿ ಜೋಡಿಯಲ್ಲಿ ಒಬ್ಬರ ಕಿಟಕಿಗೆ ಮರಗಳು, ಇನ್ನೊಬ್ಬರ ಕಿಟಕಿಗೆ ಕಂದು ಇಟ್ಟಿಗೆಯ ಗೋಡೆ. ಮರ ಕಂಡವರು ಸರಾಸರಿ 7.96 ದಿನಗಳಲ್ಲಿ ಮನೆಗೆ ಹೋದರೆ, ಗೋಡೆ ಕಂಡವರಿಗೆ 8.70 ದಿನ ಬೇಕಾಯಿತು. ಮರ ಕಂಡವರು ಪ್ರಬಲವಾದ ನೋವುನಿವಾರಕಗಳನ್ನೂ ಕಡಿಮೆ ತೆಗೆದುಕೊಂಡಿದ್ದರು. ಅಧ್ಯಯನ ಚಿಕ್ಕದು, ಒಳಿತು ಮಾಡಿದ್ದು ಮರವೋ, ಕೆಡುಕು ಮಾಡಿದ್ದು ಗೋಡೆಯೋ ಎಂಬುದನ್ನು ಅದು ಬಿಡಿಸಿ ಹೇಳುವುದಿಲ್ಲ.

ಮರದಲ್ಲಿ ಕಣ್ಣಿಗೆ ಹಿತವಾಗುವುದೇನು? ಒಂದು ಉತ್ತರ ಅದರ ವಿನ್ಯಾಸದಲ್ಲಿದೆ. ಬೊಡ್ಡೆ ಕೊಂಬೆಗಳಾಗಿ, ಕೊಂಬೆ ರೆಂಬೆಗಳಾಗಿ ಒಡೆಯುವಾಗ ದೊಡ್ಡದರ ಚಹರೆಯೇ ಚಿಕ್ಕದರಲ್ಲಿ ಮರುಕಳಿಸುತ್ತದೆ. ಜರೀಗಿಡದ ಎಲೆಯಲ್ಲೂ ಮೋಡದ ಅಂಚಿನಲ್ಲೂ ನಮ್ಮ ಶ್ವಾಸಕೋಶದ ನಾಳಗಳಲ್ಲೂ ಕಾಣುವ ಇಂಥ ರಚನೆಗೆ ಗಣಿತಜ್ಞ ಮ್ಯಾಂಡೆಲ್‌ಬ್ರಾಟ್ 1975ರಲ್ಲಿ 'ಫ್ರ್ಯಾಕ್ಟಲ್' ಎಂದು ಹೆಸರಿಟ್ಟರು. ಅದರ ಜಟಿಲತೆಯನ್ನು ಅಳೆಯಲೂ ಬರುತ್ತದೆ: ನೇರ ಗೆರೆಗೆ 1, ಸಂದಿಲ್ಲದೆ ತುಂಬಿದ ಹಾಳೆಗೆ 2. ಒರೆಗಾನ್ ವಿಶ್ವವಿದ್ಯಾಲಯದ ಭೌತವಿಜ್ಞಾನಿ ರಿಚರ್ಡ್ ಟೇಲರ್ ಮತ್ತು ಸಂಗಡಿಗರ ಪ್ರಯೋಗಗಳಲ್ಲಿ ಜನರು ಹೆಚ್ಚಾಗಿ ಮೆಚ್ಚಿದ್ದು 1.3ರಿಂದ 1.5ರ ನಡುವಿನ ಚಿತ್ರಗಳನ್ನು. ಪ್ರಕೃತಿಯಲ್ಲಿ ನಾವು ನಿತ್ಯ ಕಾಣುವ ಅನೇಕ ಆಕಾರಗಳು ಈ ಮಟ್ಟದಲ್ಲೇ ಇರುವುದರಿಂದ ಕಣ್ಣು ಅವುಗಳನ್ನು ಆಯಾಸವಿಲ್ಲದೆ ಗ್ರಹಿಸುತ್ತದೆ ಎಂಬುದು ಅವರ ವಾದ. ಇದಕ್ಕೆ ವ್ಯತಿರಿಕ್ತವಾಗಿ, ಒತ್ತೊತ್ತಾದ ಕಪ್ಪು-ಬಿಳಿ ಪಟ್ಟಿಗಳನ್ನು ದಿಟ್ಟಿಸಿದರೆ ಅನೇಕರಿಗೆ ಕಣ್ಣು ನೋಯುತ್ತದೆ, ಮೈಗ್ರೇನ್ ಇರುವವರಿಗೆ ತಲೆನೋವೇ ಶುರುವಾಗಬಹುದು. ಹೊಳೆಯುವ ಲೋಹದ ಪಟ್ಟಿಗಳನ್ನೇ ಹೊದ್ದ ಕಟ್ಟಡಗಳನ್ನು ಕಂಡಾಗೆಲ್ಲ ನನಗೆ ಇದು ನೆನಪಾಗುತ್ತದೆ.

ನಮ್ಮ ಕಟ್ಟಡ ನಿಯಮಗಳು ಕಿಟಕಿಯ ಅಳತೆಯನ್ನು ಬೆಳಕಿಗೂ ಗಾಳಿಗೂ ಲೆಕ್ಕ ಹಾಕುತ್ತವೆ. ಮಲಗಿದ ರೋಗಿಗೆ ಅದರಾಚೆ ಏನು ಕಾಣುತ್ತದೆ ಎಂದು ಯಾವ ನಕ್ಷೆಯೂ ಕೇಳುವುದಿಲ್ಲ. ಕಾರಿಡಾರಿನಲ್ಲಿ ಸ್ವಿಟ್ಜರ್ಲೆಂಡಿನ ಹಿಮಪರ್ವತದ ಪೋಸ್ಟರ್ ಅಂಟಿಸಿದರೆ ಪ್ರಕೃತಿಯ ಬಾಬತ್ತು ಮುಗಿಯಿತು ಎಂಬಂತಿದೆ. ಆಸ್ಪತ್ರೆಯ ನಕ್ಷೆಗೆ ಒಪ್ಪಿಗೆ ಕೊಡುವಾಗ ಮಂಚದ ಎತ್ತರದಿಂದ ಒಂದಾದರೂ ಕೊಂಬೆ ಕಾಣುವಂತಿರಬೇಕೆಂದು ನಿಯಮ ಮಾಡುವುದು ಅತಿಯಾದ ಬೇಡಿಕೆಯೆಂದು ನನಗನ್ನಿಸುವುದಿಲ್ಲ. ಒಂದು ಹೊಂಗೆ ಬೇರೂರಲು ಎರಡು ಕಾರು ನಿಲ್ಲುವಷ್ಟು ಜಾಗ ಬೇಕಾದೀತು, ಅಷ್ಟೇ.