ತವರಿಗೆ ಮರಳುವ ರವಿಕೆ ಕಣ

ವರಮಹಾಲಕ್ಷ್ಮಿ ಹಬ್ಬದ ಸಂಜೆ ಬೆಂಗಳೂರು, ಮೈಸೂರಿನ ಬಡಾವಣೆಗಳಲ್ಲಿ ಮನೆಯಿಂದ ಮನೆಗೆ ಓಡಾಡುವ ರವಿಕೆ ಕಣಗಳನ್ನೆಲ್ಲ ಹೊಲಿಯಲು ಕೊಟ್ಟಿದ್ದರೆ ಊರಿನ ಟೈಲರುಗಳಿಗೆ ವರ್ಷವಿಡೀ ಪುರುಸೊತ್ತು ಇರುತ್ತಿರಲಿಲ್ಲ. ಆದರೆ ಬಂದ ಕಣವನ್ನು ಮುಂದಿನ ಮನೆಗೆ ದಾಟಿಸುವುದೇ ಇಲ್ಲಿನ ಆಟ. ಟೈಲರ್ ಕೈಗೆ ಬಿದ್ದ ಕಣ ಆಟದಿಂದ ಔಟ್.

ಸಾಮಾನು ನೋಡಿ: 2 ವೀಳ್ಯದೆಲೆ, ಅಡಿಕೆ, ಬಾಳೆಹಣ್ಣು, ತೆಂಗಿನಕಾಯಿ, ಮೇಲೊಂದು ಕಣ. ಅಳತೆ ಸಾಮಾನ್ಯವಾಗಿ 80 ಸೆಂಟಿಮೀಟರ್. ಮೊಳಕೈವರೆಗೆ ತೋಳಿಡಲು 1 ಮೀಟರ್ ಬೇಕು. ಹೊಲಿಸುವ ಆಸೆ ಯಾರಿಗೂ ಹುಟ್ಟದಿರಲಿ ಎಂದು ಅಂಗಡಿಯಲ್ಲೇ ಕತ್ತರಿಸಿದ ಹಾಗಿರುತ್ತದೆ. ಬಣ್ಣ ಗಿಳಿ ಹಸಿರು, ಇಲ್ಲವೇ ಯಾವ ಸೀರೆಗೂ ಹೊಂದದ ಒಂದು ಕಿತ್ತಳೆ. ಹೊಂದಿದರೂ ಏನು, ಈಗಿನ ಸೀರೆಗೆ ಬ್ಲೌಸು ಅಂಟಿಕೊಂಡೇ ಬರುತ್ತದೆ.

ತೆಗೆದುಕೊಳ್ಳುವಾಗ "ಅಯ್ಯೋ, ಇದೆಲ್ಲ ಯಾಕ್ರೀ?" ಎಂದು ಒಂದೇ ಸಲ ಹಿಂದೆ ಸರಿದು, ಅಷ್ಟರಲ್ಲೇ ಸೆರಗು ಒಡ್ಡಬೇಕು. ಎರಡನೇ ಸಲ ಅಂದರೆ ನಿಜಕ್ಕೂ ಬೇಡವೇನೋ ಎಂಬ ಅನುಮಾನ ಬರುತ್ತದೆ. ಮಡಿಕೆ ಬಿಚ್ಚಿ ನೋಡಕೂಡದು. ಹೆಬ್ಬೆರಳಿನಿಂದ ಅಂಚು ತಿಕ್ಕಿದರೆ ಸಾಕು, ಕಾಟನ್ನೋ ಪಾಲಿಯೆಸ್ಟರೋ ತಿಳಿಯುತ್ತದೆ. ತಿಳಿದದ್ದು ಮುಖದಲ್ಲಿ ಕಾಣಬಾರದು, ಅಷ್ಟೇ.

ಮನೆಗೆ ಬಂದ ಕೂಡಲೇ ಬಾಳೆಹಣ್ಣು ಬೇರೆ ಇಡಿ. ಬಾಳೆಯ ಕಲೆ ಸೋಪಿಗೆ ಬಗ್ಗುವುದಿಲ್ಲ. ಒದ್ದೆ ಎಲೆ ತಾಗಿದರೆ ಗಂಜಿ ಬಟ್ಟೆಯ ಮೇಲೆ ಉಂಗುರ ಮೂಡುತ್ತದೆ. ನುಸಿಗುಳಿಗೆ ಹಾಕಿಟ್ಟಿರೋ, ಕಣದ ವಯಸ್ಸು ವಾಸನೆಯಲ್ಲೇ ಬಯಲು. ಬೀರುವಿನಲ್ಲಿ ವರ್ಷಗಟ್ಟಲೆ ಒಂದೇ ಮಡಿಕೆಯಲ್ಲಿ ಇದ್ದರೆ ಆ ಗೆರೆ ಬಿಳಚಿಕೊಳ್ಳುತ್ತದೆ. ಇಸ್ತ್ರಿ ಪೆಟ್ಟಿಗೆಗೆ ಮಡಿಕೆ ಹೋಗುತ್ತದೆ, ಗೆರೆ ಹೋಗುವುದಿಲ್ಲ.

ಇನ್ನು ಲೆಕ್ಕಪತ್ರ. ಕೊಟ್ಟವರ ಹೆಸರಿನ ಮೊದಲಕ್ಷರವನ್ನು ಮೂಲೆಯಲ್ಲಿ ಪೆನ್ಸಿಲ್ಲಿನಲ್ಲಿ ಬರೆದಿಡುವುದು ರೂಢಿ. ಪೆನ್ನು ಹಿಡಿದವರು ಕೆಟ್ಟರು. ಮೂರನೇ ಕ್ರಾಸಿನಿಂದ ಬಂದದ್ದು ಮೂರನೇ ಕ್ರಾಸಿಗೆ ಹೋಗಬಾರದು. ನಾದಿನಿ ಕೊಟ್ಟದ್ದು ಓರಗಿತ್ತಿಗೆ ಹೋಗಲೇಬಾರದು. ಅವರಿಬ್ಬರೂ ಅಂಗಡಿಗೆ ಜೊತೆಯಲ್ಲೇ ಹೋಗಿರುತ್ತಾರೆ.

ಗುಳೇದಗುಡ್ಡದ ಕೈಮಗ್ಗದ ಖಣ ಈ ಆಟಕ್ಕೆ ಸೇರಿಲ್ಲ. ಅದು ಬಂದ ಮನೆಯಲ್ಲೇ ಹೊಲಿಸಿಕೊಂಡು ಉಳಿದುಬಿಡುತ್ತದೆ. ಪ್ರಯಾಣಯೋಗ ಅದರ ಜಾತಕದಲ್ಲಿಲ್ಲ.

ಎಷ್ಟು ಜೋಪಾನ ಮಾಡಿದರೂ ಭಾದ್ರಪದದ ತದಿಗೆಯಂದು, ಗೌರಿ ತವರಿಗೆ ಬರುವ ದಿನವೇ, ಒಂದು ಕಣವೂ ಹೊರಟ ಮನೆಗೆ ವಾಪಸು ಬರುತ್ತದೆ. ಮೂಲೆಯಲ್ಲಿ ಅರ್ಧ ಅಳಿಸಿದ ಪೆನ್ಸಿಲ್ ಗುರುತು. ಅಕ್ಷರ ಮನೆಯೊಡತಿಯ ಹೆಸರಿನದೇ. ಅವಳು ಅದನ್ನು ಹೆಬ್ಬೆರಳಿನಿಂದ ಮುಚ್ಚಿಕೊಂಡು, "ಎಷ್ಟು ಒಳ್ಳೇ ಕಲರ್ರೀ!" ಎನ್ನುತ್ತಾಳೆ.

"ನಿಮಗೇ ಅಂತ ತೆಗೆದಿಟ್ಟಿದ್ದೆ."